ಮೇಲೆ ಕಪ್ಪು, ಒಳಗೆ ಹಸಿ, ಮರುದಿನ ಗಟ್ಟಿ: ಸಿಹಿ ಬನ್ನಿನ ಹಿಟ್ಟಿಗೆ ಹದ ತಪ್ಪುವುದೆಲ್ಲಿ?

ಪ್ರಶ್ನೆ: ಮನೆಯಲ್ಲೇ ಸಿಹಿ ಬನ್ ಮಾಡಲು ಎರಡು ಸಲ ಪ್ರಯತ್ನಿಸಿದೆ. 500 ಗ್ರಾಂ ಮೈದಾ, 125 ಗ್ರಾಂ ಸಕ್ಕರೆ, 75 ಗ್ರಾಂ ಬೆಣ್ಣೆ, ಒಂದು ಮೊಟ್ಟೆ, 300 ಮಿಲಿ ಹಾಲು, ಎರಡು ಟೀ ಚಮಚ ಇನ್‌ಸ್ಟಂಟ್ ಯೀಸ್ಟ್ ಬಳಸಿದ್ದೆ. ಬೆರಳಿಗೆ ಚುರ್ ಎನ್ನುವಷ್ಟು ಬಿಸಿ ಹಾಲಿಗೆ ಯೀಸ್ಟ್ ಹಾಕಿ, ಉಳಿದದ್ದನ್ನೆಲ್ಲ ಒಟ್ಟಿಗೆ ಸೇರಿಸಿ ನಾದಿದೆ. ಹಿಟ್ಟು ಕೈಗೆ ಅಂಟಿಕೊಂಡಿತೆಂದು ಇನ್ನೊಂದು ಕಪ್ ಮೈದಾ ಬೆರೆಸಿದೆ. ಒಂದು ಗಂಟೆಯಾದರೂ ಸರಿಯಾಗಿ ಉಬ್ಬಲಿಲ್ಲ. ಎಂಟು ಉಂಡೆ ಮಾಡಿ 200 ಡಿಗ್ರಿಯಲ್ಲಿ ಇಟ್ಟರೆ ಹದಿನೈದು ನಿಮಿಷಕ್ಕೇ ಮೇಲೆ ಕಪ್ಪಾಗತೊಡಗಿತು. ತೆಗೆದು ಮುರಿದರೆ ಒಳಗೆ ಹಸಿಹಸಿ. ಉಳಿದದ್ದನ್ನು ಫ್ರಿಜ್‌ನಲ್ಲಿಟ್ಟೆ, ಮರುದಿನ ಕಲ್ಲಿನಂತಾಗಿತ್ತು. ಎರಡನೇ ಸಲ ಯೀಸ್ಟ್ ಇಮ್ಮಡಿ ಮಾಡಿ, ಹಿಟ್ಟಿನ ಪಾತ್ರೆಯನ್ನು ಬಿಸಿ ಮಾಡಿದ ಓವನ್ನಿನೊಳಗೆ ಇಟ್ಟೆ. ಉಬ್ಬಿತು, ಆದರೆ ಬೆಣ್ಣೆ ಹೊರಗೆ ಸೋರಿತು, ಬನ್ನಿಗೆ ಹುಳಿ ವಾಸನೆ ಬಂತು. ಮೈದಾದಿಂದ ಬನ್ ಆಗುವುದಿಲ್ಲ, ಬ್ರೆಡ್ ಹಿಟ್ಟೇ ಬೇಕು ಎನ್ನುತ್ತಾರೆ. ಚಿಟಿಕೆ ಸೋಡಾ ಹಾಕು ಎನ್ನುವವರೂ ಇದ್ದಾರೆ. ಎಲ್ಲಿ ತಪ್ಪುತ್ತಿದೆ? ಉಬ್ಬದೆ ಉಳಿದ ಹಿಟ್ಟನ್ನು ಎಸೆಯಲೇಬೇಕೇ?

ಉತ್ತರ: ಅಳತೆಗಳನ್ನು ಇಷ್ಟು ಸ್ಪಷ್ಟವಾಗಿ ಬರೆದದ್ದು ಒಳ್ಳೆಯದಾಯಿತು, ಏಕೆಂದರೆ ಕಾರಣಗಳು ಆ ಅಂಕಿಗಳಲ್ಲೇ ಇವೆ. ಹಿಟ್ಟು ಉಬ್ಬಲಿಲ್ಲ, ಒಳಗೆ ಬೇಯಲಿಲ್ಲ, ಮರುದಿನ ಗಟ್ಟಿಯಾಯಿತು ಎಂಬ ಮೂರು ದೂರುಗಳು ಒಂದಕ್ಕೊಂದು ಹೆಣೆದುಕೊಂಡಿವೆ. ಸಾದಾ ಬ್ರೆಡ್ಡಿನ ಹಿಟ್ಟಿಗೆ ಹೋಲಿಸಿದರೆ ಸಿಹಿ ಬನ್ನಿನ ಹಿಟ್ಟು ಸ್ವಭಾವತಃ ನಿಧಾನ, ಸ್ವಭಾವತಃ ಅಂಟು. ನಿಧಾನವಾಯಿತೆಂದು ಯೀಸ್ಟ್ ಸುರಿದು, ಅಂಟಿತೆಂದು ಮೈದಾ ಸುರಿದರೆ ಹೊಸ ತೊಂದರೆಗಳು ಹುಟ್ಟುತ್ತವೆ. ನಿಮ್ಮಲ್ಲಿ ಆಗಿರುವುದು ಅದೇ.

ಬೇಕರಿಯವರು ಮೈದಾವನ್ನು 100 ಎಂದಿಟ್ಟುಕೊಂಡು ಉಳಿದದ್ದನ್ನೆಲ್ಲ ಅದರ ಶೇಕಡಾವಾರು ಲೆಕ್ಕದಲ್ಲಿ ನೋಡುತ್ತಾರೆ. ಆ ಪ್ರಕಾರ ನಿಮ್ಮ ಸಕ್ಕರೆ ಶೇ 25. ಯೀಸ್ಟಿಗೆ ಸಕ್ಕರೆ ಆಹಾರ ನಿಜ, ಆದರೆ ಶೇ 5ರ ಆಸುಪಾಸಿನವರೆಗೆ ಮಾತ್ರ ಅದು ಉತ್ತೇಜನ ಕೊಡುತ್ತದೆ. ಶೇ 10 ದಾಟಿದ ಮೇಲೆ ಸಕ್ಕರೆ ನೀರನ್ನು ತನ್ನ ಕಡೆಗೆ ಎಳೆದುಕೊಳ್ಳುತ್ತದೆ. ಉಪ್ಪಿನಕಾಯಿಯ ಹೋಳು ಉಪ್ಪಿನಲ್ಲಿ ನೀರು ಬಿಟ್ಟು ಮುದುಡಿಕೊಳ್ಳುವುದಿಲ್ಲವೇ, ಯೀಸ್ಟಿನ ಕಣಕ್ಕೂ ಹಾಗೆಯೇ ಆಗುತ್ತದೆ. ಅದು ಸಾಯುವುದಿಲ್ಲ, ಕೆಲಸ ನಿಧಾನ ಮಾಡುತ್ತದೆ. ಸಾದಾ ಬ್ರೆಡ್ಡಿನ ಹಿಟ್ಟು ಒಂದು ಗಂಟೆಯಲ್ಲಿ ಉಬ್ಬುವ ಜಾಗದಲ್ಲಿ ಶೇ 25 ಸಕ್ಕರೆಯ ಹಿಟ್ಟಿಗೆ ಎರಡು ಗಂಟೆಯೂ ಬೇಕಾಗಬಹುದು. ನೀವು ಗಡಿಯಾರ ನೋಡಿ ನಿಲ್ಲಿಸಿದಿರಿ. ನೋಡಬೇಕಾದದ್ದು ಪಾತ್ರೆಯೊಳಗಿನ ಹಿಟ್ಟಿನ ಮಟ್ಟವನ್ನು. ನೇರ ಗೋಡೆಯ ಪಾರದರ್ಶಕ ಡಬ್ಬಿಯಲ್ಲಿಟ್ಟು ಹೊರಗೆ ಒಂದು ಗೆರೆ ಎಳೆದುಕೊಂಡರೆ ಊಹೆಗೆ ಎಡೆ ಇರುವುದಿಲ್ಲ.

ಎರಡನೆಯ ಪೆಟ್ಟು ಬಿಸಿ ಹಾಲಿನದು. ಬೆರಳಿಗೆ ಚುರ್ ಎನ್ನುವ ಹಾಲು 50 ಡಿಗ್ರಿ ಸೆಲ್ಸಿಯಸ್ ದಾಟಿರುತ್ತದೆ. 55ರಿಂದ 60 ಡಿಗ್ರಿಯಲ್ಲಿ ಯೀಸ್ಟ್ ಸಾಯುತ್ತದೆ, ಅದಕ್ಕಿಂತ ಸ್ವಲ್ಪ ಕೆಳಗೂ ಸೊರಗುತ್ತದೆ. ಹಿಟ್ಟು ಅಲ್ಪಸ್ವಲ್ಪವಾದರೂ ಉಬ್ಬಿತೆಂದರೆ ಒಂದಷ್ಟು ಯೀಸ್ಟ್ ಬದುಕುಳಿದಿತ್ತು ಎಂದರ್ಥ. ಉಗುರುಬೆಚ್ಚಗೆ ಎಂದರೆ 35ರಿಂದ 38 ಡಿಗ್ರಿ: ಮಣಿಕಟ್ಟಿನ ಮೇಲೆ ಒಂದು ತೊಟ್ಟು ಬಿಟ್ಟುಕೊಂಡರೆ ಬಿಸಿಯೂ ತಣ್ಣಗೂ ಅನ್ನಿಸಬಾರದು. ಇನ್‌ಸ್ಟಂಟ್ ಯೀಸ್ಟಿಗಾದರೆ ಅಷ್ಟು ಬೆಚ್ಚಗೂ ಬೇಕಿಲ್ಲ, ಅದನ್ನು ನೇರವಾಗಿ ಒಣ ಮೈದಾದೊಂದಿಗೆ ಬೆರೆಸಬಹುದು. ನಾದಿ ಮುಗಿದಾಗ ಹಿಟ್ಟು 26ರಿಂದ 28 ಡಿಗ್ರಿ ಇರಬೇಕು, ಗುರಿ ಅದು. ಸೆಕೆಯ ದಿನಗಳಲ್ಲಿ ಫ್ರಿಜ್‌ನಿಂದ ತೆಗೆದ ತಣ್ಣನೆಯ ಹಾಲೇ ಸರಿ.

ಹಾಲನ್ನು ಬಿಸಿ ಮಾಡಬೇಕು ಎಂಬ ಸಲಹೆಗೆ ಬೇರೆಯೇ ಆಧಾರವಿದೆ, ಅದು ಬಾಯಿಂದ ಬಾಯಿಗೆ ಬರುವಾಗ ತಿರುಚಿಕೊಂಡಿದೆ. ಹಸಿ ಹಾಲಿನ ಕೆಲವು ಪ್ರೋಟೀನುಗಳು ಹಿಟ್ಟಿನ ನಾರನ್ನು ಸಡಿಲ ಮಾಡುತ್ತವೆ, 82 ಡಿಗ್ರಿಗಿಂತ ಮೇಲೆ ಕಾಯಿಸಿದರೆ ಅವುಗಳ ಆ ಗುಣ ಹೋಗುತ್ತದೆ. ಹಾಗಾಗಿ ಹಾಲನ್ನು ಕಾಯಿಸಿ, ಪೂರ್ತಿ ಆರಿಸಿ, ಆಮೇಲೆ ಹಿಟ್ಟಿಗೆ ಹಾಕುವುದು ಸರಿಯಾದ ಕ್ರಮ. ‘ಆರಿಸಿ’ ಎಂಬ ಮಾತು ನಡುವೆ ಎಲ್ಲೋ ಬಿದ್ದುಹೋಗಿದೆ.

ಈಗ ಅಂಟಿನ ವಿಷಯ. ಹೆಚ್ಚಿನ ಮನೆಗಳಲ್ಲಿ ಬನ್ ಕೆಡುವುದು ಇಲ್ಲಿಯೇ, ಆದ್ದರಿಂದ ಸ್ವಲ್ಪ ವಿವರವಾಗಿ ಹೇಳುತ್ತೇನೆ. ಹಾಲಿನಲ್ಲಿ ಶೇ 87ರಷ್ಟು ನೀರು, ಮೊಟ್ಟೆಯಲ್ಲಿ ಮುಕ್ಕಾಲು ಪಾಲು ನೀರು, ಬೆಣ್ಣೆಯಲ್ಲೂ ಶೇ 16ರಷ್ಟು ನೀರು. ನಿಮ್ಮ ಅಳತೆಯಲ್ಲಿ ಒಟ್ಟು ಸುಮಾರು 318 ಗ್ರಾಂ ನೀರಿತ್ತು, ಅಂದರೆ ಮೈದಾದ ಶೇ 64. ಇದರ ಮೇಲೆ ಸಕ್ಕರೆ ಕರಗಿ ಪಾಕವಾಗಿ ಹಿಟ್ಟನ್ನು ಇನ್ನಷ್ಟು ತೆಳು ಮಾಡುತ್ತದೆ. ಹಿಟ್ಟು ಅಂಟಿದ್ದು ನಿಮ್ಮ ಕೈಯ ತಪ್ಪಲ್ಲ, ಅಳತೆಯಲ್ಲೇ ದ್ರವ ಹೆಚ್ಚಿತ್ತು. ಆದರೆ ಒಂದು ಕಪ್ ಮೈದಾ ಸೇರಿಸಿದಾಗ ತಕ್ಕಡಿ ಇನ್ನೊಂದು ಕಡೆಗೆ ವಾಲಿತು. ಕಪ್ಪಿನಲ್ಲಿ ಮೈದಾ ಸಡಿಲವಾಗಿ ತುಂಬಿದರೆ 120 ಗ್ರಾಂ, ಒತ್ತಿ ತುಂಬಿದರೆ 150 ಗ್ರಾಂ. ನೀವು ಒತ್ತಿ ತುಂಬಿದ್ದರೆ ಮೈದಾ 650 ಗ್ರಾಂ ಆಯಿತು, ನೀರು ಶೇ 49ಕ್ಕೆ ಇಳಿಯಿತು. ಅಷ್ಟು ಬಿಗಿಯಾದ ಹಿಟ್ಟನ್ನು ಉಬ್ಬಿಸುವಷ್ಟು ಬಲ ಸೊರಗಿದ ಯೀಸ್ಟಿಗೆ ಎಲ್ಲಿಂದ ಬರಬೇಕು? ಮರುದಿನದ ಗಟ್ಟಿತನಕ್ಕೂ ಅರ್ಧ ಕಾರಣ ಇದೇ. ಬೇರೇನು ಕೊಂಡರೂ ಕೊಳ್ಳದಿದ್ದರೂ, ಬನ್ ಮಾಡುವವರಿಗೆ ಅಡುಗೆಮನೆಯ ಎಲೆಕ್ಟ್ರಾನಿಕ್ ತಕ್ಕಡಿ ಮಾತ್ರ ಬೇಕೇ ಬೇಕು.

ಅಂಟು ಎಲ್ಲ ಸಲವೂ ಕೆಟ್ಟದ್ದಲ್ಲ. ಹಿಟ್ಟು ಕಲಸಿದ ಮೊದಲ ಐದು ನಿಮಿಷ ಅದು ಬೆರಳಿಗೆ ಮೆತ್ತಿಕೊಳ್ಳುವುದು ಸಹಜ, ಏಕೆಂದರೆ ನೀರು ಮೈದಾದೊಳಗೆ ಇನ್ನೂ ಇಳಿದಿರುವುದಿಲ್ಲ. ಆಗ ಮೈದಾದ ಡಬ್ಬಿಗೆ ಕೈ ಹಾಕದೆ, ಪಾತ್ರೆಗೆ ಮುಚ್ಚಳ ಮುಚ್ಚಿ 20 ನಿಮಿಷ ಸುಮ್ಮನೆ ಬಿಡಿ. ಮತ್ತೆ ತೆರೆದಾಗ ಅದೇ ಹಿಟ್ಟು ಒಟ್ಟುಗೂಡಿ ನುಣುಪಾಗಿರುತ್ತದೆ. ಕೈಗೆ ಮೈದಾ ಸವರಿಕೊಳ್ಳುವ ಬದಲು ನೀರೋ ಎಣ್ಣೆಯೋ ಸವರಿಕೊಂಡು, ಹಿಟ್ಟನ್ನು ಒಂದು ಬದಿಯಿಂದ ಎಳೆದು ಮೇಲೆ ಮಡಚಿ ಒತ್ತುತ್ತಾ ನಾದಿ. ತಳ ಪಾತ್ರೆಗೆ ತುಸು ಅಂಟಿಕೊಂಡು, ಎಳೆದರೆ ಬಿಟ್ಟುಕೊಂಡು ಬರುವುದೇ ಬನ್ನಿನ ಹದ. ಚಪಾತಿ ಹಿಟ್ಟಿನಷ್ಟು ಶುದ್ಧವಾಗಿ ಬಿಟ್ಟುಕೊಂಡರೆ ಅದು ಗಟ್ಟಿಯಾಯಿತು ಎಂದೇ ಲೆಕ್ಕ.

ಬೆಣ್ಣೆಯನ್ನು ಮೊದಲೇ ಹಾಕಿದ್ದೂ ನಾದುವಿಕೆಯನ್ನು ಕೆಡಿಸಿದೆ. ಮೈದಾದ ಪ್ರೋಟೀನುಗಳು ನೀರಿನೊಂದಿಗೆ ಕೂಡಿ ಗ್ಲುಟೆನ್ ಎಂಬ ಎಳೆಗಳಾಗಿ ಹೆಣೆದುಕೊಂಡರೆ ಗಾಳಿ ಹಿಡಿದಿಡುವ ಬಲೆ ಸಿದ್ಧವಾಗುತ್ತದೆ. ಜಿಡ್ಡು ಮೊದಲೇ ಮೆತ್ತಿಕೊಂಡರೆ ಎಳೆಗಳು ಒಂದಕ್ಕೊಂದು ಹಿಡಿದುಕೊಳ್ಳಲು ತಡವಾಗುತ್ತದೆ. ಬೆಣ್ಣೆಯಿಲ್ಲದೆ ಎಂಟು ಹತ್ತು ನಿಮಿಷ ನಾದಿ, ಹಿಟ್ಟಿಗೆ ಎಳೆತ ಬಂದ ಮೇಲೆ ಮೆತ್ತಗಿನ ಬೆಣ್ಣೆಯನ್ನು ಮೂರು ಕಂತಿನಲ್ಲಿ ಸೇರಿಸಿ. ಪ್ರತಿ ಕಂತಿಗೂ ಹಿಟ್ಟು ಹರಿದು ಚೂರುಚೂರಾದಂತೆ ಕಾಣುತ್ತದೆ. ಕೆಟ್ಟಿತೆಂದು ಹೆದರಿ ಅಲ್ಲೇ ನಿಲ್ಲಿಸುವವರಿದ್ದಾರೆ, ಎರಡು ನಿಮಿಷ ನಾದಿದರೆ ಮತ್ತೆ ಕೂಡಿಕೊಳ್ಳುತ್ತದೆ. ಬೆಣ್ಣೆ ಬೆರಳಿಟ್ಟರೆ ತಗ್ಗು ಬೀಳುವಷ್ಟು ಮೆತ್ತಗಿರಲಿ, ಕರಗಿರಬಾರದು. ಕೊನೆಗೆ ನಿಂಬೆ ಗಾತ್ರದ ಚೂರು ತೆಗೆದು ಎರಡೂ ಕೈಯಿಂದ ನಿಧಾನವಾಗಿ ಹಿಗ್ಗಿಸಿ. ಹರಿಯದೆ, ಬೆಳಕು ಹಾಯುವಷ್ಟು ತೆಳು ಪೊರೆಯಾದರೆ ನಾದಿದ್ದು ಸಾಕು.

ಕೇಳಿಬಂದ ಸಲಹೆಗಳಿಗೆ ಬರೋಣ. ಮೈದಾದಿಂದ ಬನ್ ಆಗುವುದಿಲ್ಲ ಎನ್ನುವುದು ತಪ್ಪು. ಪೊಟ್ಟಣದ ಹಿಂಬದಿಯಲ್ಲಿ 100 ಗ್ರಾಂಗೆ ಪ್ರೋಟೀನ್ ಎಷ್ಟೆಂದು ನೋಡಿ: 10 ಗ್ರಾಂ ಅಥವಾ ಹೆಚ್ಚಿದ್ದರೆ ಮೆತ್ತನೆಯ ಸಿಹಿ ಬನ್ನಿಗೆ ಧಾರಾಳ. ಇನ್ನೂ ಕಡಿಮೆಯಿದ್ದರೆ 500 ಗ್ರಾಂ ಮೈದಾಕ್ಕೆ 5ರಿಂದ 10 ಗ್ರಾಂ ಗ್ಲುಟೆನ್ ಪುಡಿ ಬೆರೆಸಬಹುದು, ಹೆಚ್ಚಾದರೆ ಬನ್ ರಬ್ಬರಿನಂತೆ ಜಗಿಯಬೇಕಾಗುತ್ತದೆ. ಸೋಡಾ ಬೇಡ. ಯೀಸ್ಟಿನ ಹಿಟ್ಟಿನಲ್ಲಿ ಅದು ರುಚಿಗೆ ಬೇಕಾದ ನವಿರಾದ ಹುಳಿಯನ್ನೇ ತಿಂದು ಸಾಬೂನಿನ ರುಚಿ ಬಿಡುತ್ತದೆ, ಬಲೆ ಕಟ್ಟದ ಹಿಟ್ಟಿನಲ್ಲಿ ಅದರ ಗಾಳಿಯೂ ನಿಲ್ಲುವುದಿಲ್ಲ. ಉಪ್ಪು ತಾಗಿದರೆ ಯೀಸ್ಟ್ ಸಾಯುತ್ತದೆ ಎಂಬ ಭಯ ಅತಿಯಾದದ್ದು. ಹಸಿ ಯೀಸ್ಟಿಗೆ ನೇರವಾಗಿ ಉಪ್ಪು ಬೆರೆಸಿಟ್ಟರೆ ಅದು ನೀರೊಡೆಯುತ್ತದೆ ನಿಜ, ಆದರೆ ಒಣ ಮೈದಾದಲ್ಲಿ ಎರಡೂ ಕೆಲವು ನಿಮಿಷ ಜೊತೆಗಿದ್ದರೆ ಏನೂ ಆಗುವುದಿಲ್ಲ. ನಿಮ್ಮ ಪಟ್ಟಿಯಲ್ಲಿ ಉಪ್ಪೇ ಕಾಣಲಿಲ್ಲ. ಸಿಹಿ ಬನ್ನಿಗೂ ಉಪ್ಪು ಬೇಕು, ಇಲ್ಲದಿದ್ದರೆ ಸಿಹಿ ಸಪ್ಪೆಯಾಗುತ್ತದೆ, ಹಿಟ್ಟಿನ ಬಿಗಿಯೂ ಸಡಿಲುತ್ತದೆ.

ಎರಡನೇ ಸಲದ ಹುಳಿ ವಾಸನೆಗೆ ಕಾರಣ ಯೀಸ್ಟಿನ ಪ್ರಮಾಣ ಮತ್ತು ಶಾಖ ಎರಡೂ. ಬೆಣ್ಣೆ 32 ಡಿಗ್ರಿಯ ಆಸುಪಾಸಿನಲ್ಲಿ ಕರಗಿ ಹರಿಯತೊಡಗುತ್ತದೆ. ಅದು ಹಿಟ್ಟಿನಿಂದ ಸೋರಿತೆಂದರೆ ನಿಮ್ಮ ಓವನ್ ಅದಕ್ಕಿಂತ ಬಿಸಿಯಿತ್ತು. ಅಂಥ ಬಿಸಿಯಲ್ಲಿ ಇಮ್ಮಡಿ ಯೀಸ್ಟ್ ಬೇಗಬೇಗನೆ ಮದ್ಯಸಾರ ಮತ್ತು ಹುಳಿ ಮಾಡುತ್ತದೆ, ಗ್ಲುಟೆನ್ ಬಲೆ ಸುಸ್ತಾಗುತ್ತದೆ. ಅಡುಗೆಮನೆ 28 ಡಿಗ್ರಿ ಇದ್ದರೆ ಬೇರೆ ಶಾಖವೇ ಬೇಡ. ಚಳಿಯಿದ್ದರೆ, ಆರಿಸಿದ ಓವನ್ನಿನೊಳಗೆ ಒಂದು ಲೋಟ ಬಿಸಿನೀರಿಟ್ಟು ಬಾಗಿಲು ಮುಚ್ಚಿ.

ಮುಂದಿನ ಸಲಕ್ಕೆ ಈ ಅಳತೆ ಇಟ್ಟುಕೊಳ್ಳಿ: ಮೈದಾ 500 ಗ್ರಾಂ, ಕಾಯಿಸಿ ಆರಿಸಿದ ಹಾಲು 260 ಗ್ರಾಂ, ಒಂದು ಮೊಟ್ಟೆ (ಚಿಪ್ಪು ಬಿಟ್ಟು 50 ಗ್ರಾಂ), ಸಕ್ಕರೆ 80 ಗ್ರಾಂ, ಬೆಣ್ಣೆ 70 ಗ್ರಾಂ, ಉಪ್ಪು 8 ಗ್ರಾಂ, ಇನ್‌ಸ್ಟಂಟ್ ಯೀಸ್ಟ್ 8 ಗ್ರಾಂ. ಮೊಟ್ಟೆ ಬೇಡವಾದರೆ ಹಾಲು 300 ಗ್ರಾಂ. ಹಾಲಿನಲ್ಲಿ 20 ಗ್ರಾಂ ಮೊದಲು ಬದಿಗಿಟ್ಟು, ಹಿಟ್ಟು ಕೇಳಿದರೆ ಮಾತ್ರ ಹಾಕಿ, ಮೈದಾ ನೀರು ಕುಡಿಯುವ ಪರಿ ಪೊಟ್ಟಣದಿಂದ ಪೊಟ್ಟಣಕ್ಕೆ ಬದಲಾಗುತ್ತದೆ. ಯೀಸ್ಟ್ ಡಬ್ಬಿ ತೆರೆದು ಬಹಳ ದಿನವಾಗಿದ್ದರೆ, 100 ಮಿಲಿ ಉಗುರುಬೆಚ್ಚಗಿನ ನೀರಿಗೆ ಒಂದು ಚಮಚ ಸಕ್ಕರೆ, ಒಂದು ಚಮಚ ಯೀಸ್ಟ್ ಹಾಕಿ ನೋಡಿ. ಹತ್ತು ನಿಮಿಷದಲ್ಲಿ ನೊರೆ ಏಳದಿದ್ದರೆ ಆ ಡಬ್ಬಿಯ ಮೇಲೆ ಭರವಸೆ ಬೇಡ. ಇನ್‌ಸ್ಟಂಟ್ ಬದಲು ಹಸಿ ಯೀಸ್ಟ್ ಸಿಕ್ಕರೆ ಮೂರು ಪಟ್ಟು, ಅಂದರೆ 24 ಗ್ರಾಂ ಬೇಕು.

ಒಣದ್ರಾಕ್ಷಿ ಹಾಕುವುದಿದ್ದರೆ 20 ನಿಮಿಷ ನೆನೆಸಿ, ಚೆನ್ನಾಗಿ ಬಸಿದು, ನಾದುವುದು ಮುಗಿದ ಮೇಲೆ ಸೇರಿಸಿ. ಒಣಗಿದ್ದನ್ನೇ ಹಾಕಿದರೆ ಅದು ಹಿಟ್ಟಿನ ನೀರನ್ನೇ ಹೀರಿ ಬನ್ನನ್ನು ಒಣಗಿಸುತ್ತದೆ. ದಾಲ್ಚಿನ್ನಿ ಪುಡಿ ಯೀಸ್ಟನ್ನು ತಡೆಯುತ್ತದೆ, ಅದು ಒಳಗಿನ ಹೂರಣಕ್ಕಿರಲಿ, ಹಿಟ್ಟಿಗೆ ಬೇಡ.

ಹಿಟ್ಟು ಹೆಚ್ಚುಕಡಿಮೆ ಇಮ್ಮಡಿಯಾದ ಮೇಲೆ ಮೆಲ್ಲಗೆ ಒತ್ತಿ ಗಾಳಿ ಬಿಡಿಸಿ, ತೂಗಿ 60 ಗ್ರಾಮಿನ 16 ಉಂಡೆ ಮಾಡಿ. ನಿಮ್ಮ ಎಂಟು ಉಂಡೆಗಳು ಒಂದೊಂದೂ 150 ಗ್ರಾಂ ಇದ್ದವು, ಒಳಗೆ ಬೇಯದಿರಲು ಅದೂ ಕಾರಣ. ಉಂಡೆಯನ್ನು ಮೈದಾ ಉದುರಿಸದ ಕಟ್ಟೆಯ ಮೇಲಿಟ್ಟು, ಅಂಗೈಯನ್ನು ಗುಮ್ಮಟದಂತೆ ಮುಚ್ಚಿ ಸುತ್ತಿಸಿದರೆ ಮೇಲ್ಮೈ ಬಿಗಿಯುತ್ತದೆ. ಆ ಬಿಗಿಯೇ ಬನ್ನನ್ನು ಅಗಲಕ್ಕೆ ಹರಡದಂತೆ ಮೇಲಕ್ಕೆ ಏರಿಸುವುದು. ಟ್ರೇಯಲ್ಲಿ ಎರಡು ಸೆಂಟಿಮೀಟರ್ ಅಂತರ ಬಿಟ್ಟು ಜೋಡಿಸಿದರೆ ಬೇಯುವಾಗ ಅಕ್ಕಪಕ್ಕ ತಾಗಿ, ಬದಿಗಳು ಮೆತ್ತಗೆ ಉಳಿಯುತ್ತವೆ.

ಎರಡನೇ ಉಬ್ಬುವಿಕೆಗೆ 45ರಿಂದ 75 ನಿಮಿಷ. ಇಲ್ಲಿಯೂ ಬೆರಳೇ ಗಡಿಯಾರ. ಬದಿಯಲ್ಲಿ ಮೆಲ್ಲಗೆ ಒತ್ತಿದ ಗುಳಿ ತಟ್ಟನೆ ಮುಚ್ಚಿಕೊಂಡರೆ ಇನ್ನೂ ಹೊತ್ತಿದೆ. ನಿಧಾನವಾಗಿ ಅರ್ಧ ಮೇಲೆದ್ದರೆ ಸರಿಯಾದ ಹದ. ಗುಳಿ ಹಾಗೇ ಉಳಿದು ಹಿಟ್ಟು ಕುಸಿದಂತಾದರೆ ಹೊತ್ತು ಮೀರಿತು. ಆಗ ಉಂಡೆಯನ್ನು ಮತ್ತೆ ಸುತ್ತಿ ಅರ್ಧ ಗಂಟೆ ಬಿಟ್ಟರೆ ಒಂದು ಮಟ್ಟಿಗೆ ಸುಧಾರಿಸುತ್ತದೆ.

ಬೇಯಿಸುವಾಗ 200 ಡಿಗ್ರಿ ಸಾದಾ ಬ್ರೆಡ್ಡಿಗೆ ಸರಿ. ಸಕ್ಕರೆ, ಹಾಲು, ಮೊಟ್ಟೆ ಸೇರಿದ ಮೇಲ್ಮೈ ಬಹಳ ಬೇಗ ಕಂದುತ್ತದೆ, ಒಳಗಿನ ತಿರುಳಿಗೆ ಶಾಖ ತಲುಪುವ ಮೊದಲೇ ಮೇಲೆ ಕಪ್ಪಾಗುತ್ತದೆ. 180 ಡಿಗ್ರಿಯಲ್ಲಿ, ನಡುವಿನ ಹಂತದಲ್ಲಿ, 60 ಗ್ರಾಂ ಬನ್ನಿಗೆ 16ರಿಂದ 20 ನಿಮಿಷ. ಫ್ಯಾನ್ ಇರುವ ಓವನ್ ಅಥವಾ ಕನ್ವೆಕ್ಷನ್ ಆದರೆ 160ರಿಂದ 165 ಸಾಕು. ಓಟಿಜಿಯ (ಮನೆಬಳಕೆಯ ಚಿಕ್ಕ ವಿದ್ಯುತ್ ಓವನ್) ಗುಂಡಿಯಲ್ಲಿ ಕಾಣುವ ಅಂಕಿಗೂ ಒಳಗಿನ ಶಾಖಕ್ಕೂ 20 ಡಿಗ್ರಿಯ ವ್ಯತ್ಯಾಸ ಅಪರೂಪವಲ್ಲ, ಒಳಗೆ ನೇತುಹಾಕುವ ಥರ್ಮಾಮೀಟರ್ ಇದ್ದರೆ ಸಂಶಯ ತೀರುತ್ತದೆ. ಹನ್ನೆರಡನೇ ನಿಮಿಷಕ್ಕೆ ಬಣ್ಣ ಸಾಕೆನಿಸಿದರೆ ಮೇಲೆ ಫಾಯಿಲ್ ಸಡಿಲವಾಗಿ ಹೊದಿಸಿ, ಆದರೆ ಹೊರಗೆ ತೆಗೆಯಬೇಡಿ. ಬಣ್ಣ ನೋಡಿ ತೆಗೆದದ್ದರಿಂದಲೇ ನಿಮ್ಮ ಬನ್ ಹಸಿಯಾಗಿ ಉಳಿಯಿತು. ನಡುವಿನ ಬನ್ನಿನ ಒಳಗೆ ಸೂಜಿ ಥರ್ಮಾಮೀಟರ್ 90 ಡಿಗ್ರಿ ತೋರಿಸಿದರೆ ಬೆಂದಿದೆ. ತೆಗೆದ ಕೂಡಲೇ ಬೆಣ್ಣೆ ಸವರಿ, ಜಾಲರಿಯ ಮೇಲಿಟ್ಟು, ತೆಳು ಬಟ್ಟೆ ಹೊದಿಸಿದರೆ ಮೇಲ್ಪದರ ಮೆತ್ತಗಾಗುತ್ತದೆ. ಟ್ರೇಯಲ್ಲೇ ಬಿಟ್ಟರೆ ಹಬೆ ತಳದಲ್ಲಿ ನಿಂತು ಒದ್ದೆಯಾಗುತ್ತದೆ. ಅರ್ಧ ಗಂಟೆ ಮುರಿಯದೆ ತಡೆದುಕೊಳ್ಳಿ, ಬಿಸಿಯಲ್ಲಿ ಮುರಿದರೆ ಬೆಂದ ಬನ್ನೂ ಹಸಿಯಂತೆ ಕಾಣುತ್ತದೆ.

ಫ್ರಿಜ್ ಬನ್ನಿಗೆ ಶತ್ರು. ಬನ್ ಗಟ್ಟಿಯಾಗುವುದು ನೀರು ಆರಿದ್ದರಿಂದ ಮಾತ್ರ ಎಂದು ತಿಳಿಯುವವರೇ ಹೆಚ್ಚು. ಬೇಯುವಾಗ ಅರಳಿದ ಪಿಷ್ಟ ತಣ್ಣಗಾದಂತೆ ಮತ್ತೆ ಒತ್ತಾಗಿ ಜೋಡಿಕೊಳ್ಳುವುದು ಮುಖ್ಯ ಕಾರಣ. ಫ್ರಿಜ್‌ನ ನಾಲ್ಕು ಐದು ಡಿಗ್ರಿಯ ತಂಪಿನಲ್ಲಿ ಆ ಕೆಲಸ ಹೊರಗಿಗಿಂತ ಚುರುಕಾಗಿ ನಡೆಯುತ್ತದೆ. ಪೂರ್ತಿ ಆರಿದ ಮೇಲೆ ಗಾಳಿಯಾಡದ ಡಬ್ಬಿಯಲ್ಲಿ ಹೊರಗೇ ಇಟ್ಟರೆ ಎರಡು ದಿನ ಚೆನ್ನಾಗಿರುತ್ತದೆ, ಸೆಕೆ ಜೋರಿದ್ದರೆ ಒಂದೇ ದಿನ. ಹೆಚ್ಚು ದಿನಕ್ಕಾದರೆ ಫ್ರೀಜರ್‌ನಲ್ಲಿಡಿ. ಗಟ್ಟಿಯಾದ ಬನ್ನಿಗೆ ಮೇಲೆ ನೀರು ಚಿಮುಕಿಸಿ ಬಿಸಿ ಮಾಡಿದರೆ ಪಿಷ್ಟ ಮತ್ತೆ ಸಡಿಲವಾಗಿ ಮೆತ್ತಗಾಗುತ್ತದೆ, ಬಿಸಿಯಿರುವಾಗಲೇ ತಿನ್ನಬೇಕು.

ನಿಮಗೆ 125 ಗ್ರಾಂ ಸಕ್ಕರೆಯ ಸಿಹಿಯೇ ಬೇಕೆಂದಿದ್ದರೆ ಮೊದಲು ಚಿಕ್ಕ ಹುದುಗು ಮಾಡಿಕೊಳ್ಳಿ. ಒಟ್ಟು ಅಳತೆಯಿಂದಲೇ 150 ಗ್ರಾಂ ಮೈದಾ, 150 ಗ್ರಾಂ ಹಾಲು, ಪೂರ್ತಿ ಯೀಸ್ಟ್, ಒಂದು ಚಮಚ ಸಕ್ಕರೆ ಕಲಸಿ 30ರಿಂದ 40 ನಿಮಿಷ ಬಿಟ್ಟರೆ ಗುಳ್ಳೆಗಳೆದ್ದು ಉಬ್ಬುತ್ತದೆ. ಸಕ್ಕರೆಯ ಹೊರೆ ಬೀಳುವ ಮೊದಲೇ ಯೀಸ್ಟ್ ಚುರುಕಾಗಿರುತ್ತದೆ. ಉಳಿದದ್ದನ್ನು ಆಮೇಲೆ ಸೇರಿಸಿ, ಹಾಲು ಮಾತ್ರ ಇನ್ನೂ 20 ಗ್ರಾಂ ಕಡಿಮೆ ಇರಲಿ. ಮರೆತು ಎರಡು ಗಂಟೆ ಬಿಟ್ಟರೆ ಹುದುಗು ಕುಸಿದು ಹುಳಿಯಾಗುತ್ತದೆ, ಇದರ ಅಪಾಯ ಅಷ್ಟೇ.

ಮರುದಿನವೂ ಮೆತ್ತಗಿರಬೇಕೆಂದರೆ ಹಿಟ್ಟಿನ ಗಂಜಿ ನೆರವಾಗುತ್ತದೆ. ಒಟ್ಟು ಅಳತೆಯಿಂದಲೇ 25 ಗ್ರಾಂ ಮೈದಾವನ್ನು 125 ಗ್ರಾಂ ಹಾಲಿನಲ್ಲಿ ಗಂಟಿಲ್ಲದಂತೆ ಕದಡಿ, ಸಣ್ಣ ಉರಿಯಲ್ಲಿ ಚಮಚ ಎಳೆದರೆ ಗೆರೆ ನಿಲ್ಲುವವರೆಗೆ, ಅಂದರೆ 65 ಡಿಗ್ರಿಯವರೆಗೆ ಕಾಯಿಸಿ ಆರಿಸಿ. ಅರಳಿದ ಪಿಷ್ಟ ನೀರನ್ನು ಹಿಡಿದಿಟ್ಟುಕೊಳ್ಳುವುದರಿಂದ ಹಿಟ್ಟು ಕಡಿಮೆ ಅಂಟುತ್ತದೆ, ಬನ್ ನಿಧಾನವಾಗಿ ಗಟ್ಟಿಯಾಗುತ್ತದೆ. ಆರಿಸದೆ ಹಾಕಿದರೆ ಯೀಸ್ಟಿನ ಕಥೆ ಮತ್ತೆ ಬಿಸಿ ಹಾಲಿನದೇ.

ರಾತ್ರಿ ನಾದಿ ಬೆಳಿಗ್ಗೆ ಬೇಯಿಸುವವರು ಯೀಸ್ಟನ್ನು 6 ಗ್ರಾಮಿಗೆ ಇಳಿಸಿ, ಅರ್ಧ ಗಂಟೆ ಹೊರಗಿಟ್ಟು ಆಮೇಲೆ 8ರಿಂದ 12 ಗಂಟೆ ಫ್ರಿಜ್‌ನಲ್ಲಿಡಬಹುದು. ಬೇಯದ ಹಿಟ್ಟಿಗೆ ಫ್ರಿಜ್ ಶತ್ರುವಲ್ಲ. ಬೆಣ್ಣೆ ಗಟ್ಟಿಯಾಗಿ ಉಂಡೆ ಕಟ್ಟುವುದು ಸುಲಭ, ಪರಿಮಳವೂ ಹೆಚ್ಚು. ಆದರೆ ತಣ್ಣನೆಯ ಉಂಡೆ ಉಬ್ಬಲು ಎರಡು ಗಂಟೆ ಹಿಡಿಯುತ್ತದೆ, ಅವಸರ ಮಾಡಿದರೆ ನಡುಭಾಗ ಮತ್ತೆ ಹಸಿ.

ಉಬ್ಬದ ಹಿಟ್ಟನ್ನು ಎಸೆಯಬೇಡಿ. ಮೊದಲು ಇನ್ನೊಂದು ಗಂಟೆ ಕೊಡಿ. ಆಗಲೂ ಚಲನೆಯಿಲ್ಲದಿದ್ದರೆ 3 ಗ್ರಾಂ ಯೀಸ್ಟನ್ನು 20 ಮಿಲಿ ಉಗುರುಬೆಚ್ಚಗಿನ ಹಾಲಿನಲ್ಲಿ ಕದಡಿ, ನೊರೆ ಬಂದದ್ದನ್ನು ಖಚಿತಪಡಿಸಿಕೊಂಡು, ಒಂದೆರಡು ಚಮಚ ಮೈದಾದೊಂದಿಗೆ ಹಿಟ್ಟಿಗೆ ನಾದಿಕೊಳ್ಳಿ. ಮೊದಲ ಹತ್ತು ನಿಮಿಷ ಅದು ಜಾರುತ್ತದೆ, ಆಮೇಲೆ ಕೂಡಿಕೊಳ್ಳುತ್ತದೆ. ಅದೂ ಫಲಿಸದಿದ್ದರೆ ಬೆರಳಗಲ ದಪ್ಪಕ್ಕಿಂತ ತೆಳುವಾಗಿ ತಟ್ಟಿ, ಕಾವಲಿಯ ಮೇಲೆ ಸಣ್ಣ ಉರಿಯಲ್ಲಿ ಮುಚ್ಚಿ ಎರಡೂ ಬದಿ ಬೇಯಿಸಿ. ಬನ್ ಆಗದಿದ್ದರೂ ಸಿಹಿ ರೊಟ್ಟಿಯಾಗುತ್ತದೆ, ಹಾಕಿದ ಬೆಣ್ಣೆ ಹಾಲು ವ್ಯರ್ಥವಾಗುವುದಿಲ್ಲ.